ಯಾವ ದೇವರ ಪ್ರತಿಷ್ಠಾಪನೆ

ನಮ್ಮ ಉಡುಪಿಯ ಕಡೆ ಯಾರಾದರೂ ತಾನು ಕಲಾವಿದ ಎಂದು ಹೇಳಿಕೊಂಡರೆ ಎದುರಿನವರು ಕೇಳುವ ಮೊದಲ ಪ್ರಶ್ನೆ, "ಯಾವ ಮೇಳ?" ಯಕ್ಷಗಾನದ ವೇಷ ಕಟ್ಟದ ಕಲಾವಿದನೂ ಇರಬಹುದು ಎಂಬ ಅನುಮಾನ ಇಲ್ಲಿ ಯಾರಿಗೂ ಬರುವುದಿಲ್ಲ. ನಾನು ಹೇಳಹೊರಟಿರುವ ಮನುಷ್ಯ ಈ ಪ್ರಶ್ನೆಗೆ ಮೊದಮೊದಲು ಉದ್ದುದ್ದ ಉತ್ತರ ಕೊಡುತ್ತಿದ್ದರಂತೆ. ಸಿನಿಮಾ ಮಾಡುತ್ತೇನೆ, ಆದರೆ ಟಾಕೀಸಿಗೆ ಬರುವಂಥದ್ದಲ್ಲ, ಕಥೆ ಇರುವುದಿಲ್ಲ, ಒಂದು ಕೋಣೆಯಲ್ಲಿ ನಾಲ್ಕು ಪರದೆ ಕಟ್ಟಿ ತೋರಿಸುತ್ತೇನೆ, ನೋಡುವವರು ನಡುವೆ ತಿರುಗಾಡಬೇಕು, ಹೀಗೆಲ್ಲ. ನನಗೆ ಪರಿಚಯವಾಗುವ ಹೊತ್ತಿಗೆ ಅವರಿಗೆ ಸಾಕಾಗಿ ಹೋಗಿತ್ತು. ಆಟೋದವನು ಯಾವ ಮೇಳ ಎಂದು ಕೇಳಿದರೆ, "ಈ ವರ್ಷ ತಿರುಗಾಟ ಇಲ್ಲ ಮಾರಾಯ, ಮೊಣಕಾಲು ನೋವು" ಎಂದು ಮುಗಿಸುತ್ತಿದ್ದರು. ಆಟೋದವನು ಪಾಪ ಎಂದುಕೊಂಡು ಹೊಂಡ ತಪ್ಪಿಸಿ ನಿಧಾನಕ್ಕೆ ಓಡಿಸುತ್ತಿದ್ದ.

ಅವರು ತೀರಿಕೊಂಡ ಸುದ್ದಿ ಕಾಲೇಜಿನ ಹಳಬರ ವಾಟ್ಸಾಪ್ ಗುಂಪಿನಲ್ಲಿ ಬಂತು. ಅದರ ಕೆಳಗೆ ಸಾಲಾಗಿ ಮುಗಿದ ಕೈಗಳು. ನಡುವೆ ಒಬ್ಬರು ಮತ್ಯಾರಿಗೋ ಹುಟ್ಟುಹಬ್ಬದ ಶುಭಾಶಯವನ್ನೂ ಹಾಕಿದ್ದರು. ಈ ವಯಸ್ಸಿನಲ್ಲಿ ಸಾವಿನ ಸುದ್ದಿಗೆ ನಾನು ಬೆಚ್ಚಿ ಬೀಳುವುದಿಲ್ಲ. ಫೋನು ಕವುಚಿಟ್ಟು ಅಕ್ಕಿ ತೊಳೆಯಲು ಹೋಗುತ್ತೇನೆ. ಅಂದು ತೊಳೆದ ಅಕ್ಕಿಯನ್ನೇ ಮತ್ತೆ ತೊಳೆಯುತ್ತ ನಿಂತಿದ್ದೆ. ಸಂಜೆಗೆ ಸ್ಮರಣ ಸಂಚಿಕೆಯವರೆಂದು ಒಬ್ಬರು ಫೋನು ಮಾಡಿ, "ನೀವು ಅವರೊಟ್ಟಿಗೆ ಕೆಲಸ ಮಾಡಿದವರಲ್ವಾ ಮೇಡಂ, ಅವರ ಸಾಧನೆಯ ಬಗ್ಗೆ ಎರಡು ಪುಟ ಕೊಡಿ" ಎಂದರು. ಸಾಧನೆ ನನಗೆ ಗೊತ್ತಿಲ್ಲ. ಗೊತ್ತಿರುವುದು ಅವರ ಹಿಂದೆ ಊರೂರು ಸುತ್ತಿ ಸುಸ್ತಾದದ್ದು ಮಾತ್ರ. ಆ ಸುಸ್ತನ್ನೇ ಬರೆಯುತ್ತಿದ್ದೇನೆ.

ಮಣಿಪಾಲದ ಒಂದು ಕಾಲೇಜಿನಲ್ಲಿ ನಾನು ಕನ್ನಡ ಪಾಠ ಮಾಡುತ್ತಿದ್ದೆ. ಅವರು ವಾರಕ್ಕೆ ಒಂದೆರಡು ಸಲ ಬಂದು ಸಿನಿಮಾ ಕಲಿಸುತ್ತಿದ್ದ ಅತಿಥಿ ಉಪನ್ಯಾಸಕರು. ಮಕ್ಕಳು ಅವರಿಗೆ ಇಟ್ಟ ಹೆಸರು ಗೋಡೆ ಸರ್. ಯಾವುದೇ ಹಳೆಯ ಕಟ್ಟಡ ಕಂಡರೂ ಹತ್ತಿರ ಹೋಗಿ, ಮಗುವಿನ ಜ್ವರ ನೋಡುವ ಹಾಗೆ ಕೈಯ ಹಿಂಬದಿಯನ್ನು ಗೋಡೆಗೆ ಒತ್ತಿ ನಿಲ್ಲುತ್ತಿದ್ದರು. ಒಂದು ದಿನ ಸ್ಟಾಫ್ ರೂಮಿಗೆ ಬಂದು ನನ್ನ ಮೇಜಿನೆದುರು ನಿಂತರು. "ಟೀಚರ್, ನಿಮಗೆ ತುಳು ಬರ್ತದೆ, ಕನ್ನಡವೂ ಬರ್ತದೆ. ಮತ್ತೆ ನೀವು ಜಗಳ ಮಾಡ್ತೀರಿ ಅಂತ ಕೇಳಿದ್ದೇನೆ. ನನಗೆ ಅಂಥವರು ಬೇಕು" ಎಂದರು. ತಮ್ಮ ಸಿನಿಮಾದಲ್ಲಿ ಜನ ಆಡಿದ ಮಾತನ್ನು ಕೇಳಿ ಬರೆದು, ಪರದೆಯ ಕೆಳಗೆ ಬರುವ ಸಾಲುಗಳನ್ನು ಮಾಡಿಕೊಡಬೇಕು ಎಂಬುದು ಕೋರಿಕೆ. ನನ್ನ ಮನೆ ಅಲೆವೂರಿನಲ್ಲಿ. ದಾರಿಯಲ್ಲಿ ಅವರ ಸ್ಕೂಟರು ನನ್ನನ್ನು ಇಳಿಸುತ್ತದೆ ಎಂಬ ಆಸೆಗೆ ಒಪ್ಪಿಕೊಂಡೆ. ಸ್ಕೂಟರು ಅರ್ಧಕ್ಕರ್ಧ ದಿನ ಸ್ಟಾರ್ಟೇ ಆಗುತ್ತಿರಲಿಲ್ಲ.

ಅವರ ಕೆಲಸದ ಕ್ರಮ ಹೇಳಲಿಕ್ಕೆ ಸುಲಭ. ಮನೆ ಕಳೆದುಕೊಂಡವರನ್ನು ಹುಡುಕುವುದು. ಹೆದ್ದಾರಿಗೆ ಹೋದದ್ದು, ಕಡಲಿಗೆ ಹೋದದ್ದು, ಪಾಲಾದಾಗ ಕೆಡವಿದ್ದು, ಯಾವುದಾದರೂ ಆದೀತು. ಮನೆ ಇದ್ದ ಜಾಗಕ್ಕೆ ಅವರನ್ನು ಕರೆದುಕೊಂಡು ಹೋಗಿ, ಕ್ಯಾಮೆರಾವನ್ನು ಸ್ಟ್ಯಾಂಡಿನ ಮೇಲೆ ನಿಲ್ಲಿಸಿ, "ನಾನು ನಿಮ್ಮಲ್ಲಿಗೆ ನೆಂಟ ಬಂದಿದ್ದೇನೆ, ಒಳಗೆ ಕರೆಯಿರಿ" ಎನ್ನುವುದು. ಅಷ್ಟೇ. ಪ್ರಶ್ನೆ ಇಲ್ಲ, ಸಂದರ್ಶನ ಇಲ್ಲ. ಜನ ಮೊದಲು ನಗುತ್ತಿದ್ದರು, ಕೆಲವರು ಇವರಿಗೆ ತಲೆ ಸರಿ ಉಂಟೋ ಎಂದು ನನ್ನ ಮುಖ ನೋಡುತ್ತಿದ್ದರು. ಇವರು ಸುಮ್ಮನೆ ಕಾಯುತ್ತಿದ್ದರು. ಕಾಯುವುದರಲ್ಲಿ ಅವರನ್ನು ಸೋಲಿಸಿದವರನ್ನು ನಾನು ಕಂಡಿಲ್ಲ. ಹೆಜಮಾಡಿಯಲ್ಲಿ ಮೀನುಗಾರರೊಬ್ಬರು, ಕಡಲು ನುಂಗಿದ ಮನೆಯ ಜಾಗದ ಬರಿಯ ಮರಳ ಮೇಲೆ ಬಹಳ ಹೊತ್ತು ನಿಂತು, ಕೊನೆಗೆ ಬಗ್ಗಿ ಚಪ್ಪಲಿ ಕಳಚಿಟ್ಟರು. ಹಿಂದೆ ತಿರುಗಿ ನನ್ನ ಕಾಲು ನೋಡಿ, "ಚಪ್ಪಲಿ ಹೊರಗೆ ಇಡ್ಲಿಕ್ಕೆ ಗೊತ್ತಾಗುದಿಲ್ವಾ?" ಎಂದು ಗದರಿದರು. ನಾನು ಕಳಚಿದೆ. ಮಧ್ಯಾಹ್ನದ ಹೊಯಿಗೆಯಲ್ಲಿ ಕಾಲು ಸುಟ್ಟುಕೊಂಡು ಇಲ್ಲದ ಮನೆಯ ಮೂರು ಕೋಣೆಗಳನ್ನೂ ನೋಡಿದೆ.

ಜಗಳ ಮಾಡುವವರು ಬೇಕು ಎಂದಿದ್ದರಲ್ಲ, ಮೊದಲ ಜಗಳ ಅದೇ ಚಿತ್ರದ ಮೇಲೆ ಆಯಿತು. ಮೀನುಗಾರರು "ಇಲ್ಲಿ ಚಾವಡಿ ಉಂಟು, ಇಲ್ಲಿ ಬಲೆ ಇಡುವ ಜಾಗ ಉಂಟು" ಎಂದೇ ಹೇಳುತ್ತ ಹೋಗಿದ್ದರು. ನಾನು ಮೂವತ್ತು ವರ್ಷ ವ್ಯಾಕರಣ ಕಲಿಸಿದವಳು. ಬರೆಯುವಾಗ ಎಲ್ಲವನ್ನೂ 'ಇತ್ತು' ಮಾಡಿದೆ. ಅವರು ಓದಿ ಕಾಗದ ಪಕ್ಕಕ್ಕಿಟ್ಟರು.

"ಅವರು ಎಂತ ಹೇಳಿದ್ದು ಟೀಚರ್?"

"ಉಂಟು ಅಂತ. ಬಾಯಿತಪ್ಪಿ ಬಂದದ್ದು. ಮನೆ ಇಲ್ಲವಲ್ಲ."

"ಇಲ್ಲ ಅಂತ ನಿಮಗೆ ಹೇಳಿದ್ದು ಯಾರು? ನಿಮ್ಮ ಚಪ್ಪಲಿ ತೆಗೆಸಿದ್ದು ಯಾರು ಹಾಗಾದರೆ?"

ಆದರೂ ನಾನು ಒಂದು ವಾರ ವಾದ ಮಾಡಿದೆ. ಆಮೇಲೆ ಎಲ್ಲ ಚಿತ್ರಗಳಲ್ಲೂ 'ಉಂಟು' ಉಂಟಾಗಿಯೇ ಉಳಿಯಿತು. ದೂರದ ಊರಿನ ಒಂದು ಆಯ್ಕೆ ಸಮಿತಿ ಚಿತ್ರವನ್ನು ತಿರುಗಿ ಕಳಿಸುವಾಗ, ಪರದೆಯ ಕೆಳಗಿನ ಸಾಲುಗಳಲ್ಲಿ ಕಾಲದ ತಪ್ಪುಗಳಿವೆ ಎಂದು ಬರೆದಿತ್ತು. ಅವರು ಅದನ್ನು ನನಗೆ ತೋರಿಸಿ, "ನಿಮ್ಮ ಪಕ್ಷದವರು" ಎಂದರು.

ಅವರದೇ ಮನೆಯ ಸಂಗತಿ ನನಗೆ ತಿಳಿದದ್ದು ಕಾಪುವಿನಲ್ಲಿ. ಯಾವುದೋ ಚಿತ್ರೀಕರಣ ಮುಗಿಸಿ ಬರುವಾಗ ಹೆದ್ದಾರಿಯ ಬದಿಯಲ್ಲಿ ಸ್ಕೂಟರು ನಿಲ್ಲಿಸಿ, ಎದುರಿನ ಡಿವೈಡರನ್ನು ತೋರಿಸಿದರು. ಲಾರಿಗಳು ಒಂದರ ಹಿಂದೊಂದು ಹೋಗುತ್ತಿದ್ದವು. ಅವರು ನಾಲ್ಕು ವರ್ಷದ ಮಗುವಾಗುವವರೆಗೆ ಆ ಕುಟುಂಬ ಅಲ್ಲೊಂದು ಬಾಡಿಗೆ ಮನೆಯಲ್ಲಿತ್ತು. ತಾಯಿ ತೀರಿಕೊಂಡರು, ತಂದೆ ಮಕ್ಕಳಿಬ್ಬರನ್ನು ಕಟ್ಟಿಕೊಂಡು ಕಾರ್ಕಳಕ್ಕೆ ಹೋದರು. ಮನೆ ಕೆಡವಿ ಯಾರೋ ಹೋಟೆಲು ಕಟ್ಟಿದರು. ರಸ್ತೆ ಅಗಲವಾಗುವಾಗ ಹೋಟೆಲೂ ಹೋಯಿತು.

"ನಮ್ಮ ಅಡಿಗೆ ಕೋಣೆ ಡಿವೈಡರಿನಲ್ಲಿ ಉಂಟೋ, ಆಚೆಯ ಟ್ರ್ಯಾಕಿನಲ್ಲಿ ಉಂಟೋ, ಅದೂ ಗೊತ್ತಿಲ್ಲ ಟೀಚರ್. ಎಲ್ಲರ ಮನೆಯನ್ನೂ ನೋಡಿದೆ. ನಮ್ಮದು ನನಗೆ ಒಂದು ಚೂರೂ ನೆನಪಿಲ್ಲ. ಅಮ್ಮನ ಮುಖ ಕೂಡ ಇಲ್ಲ. ಒಂದು ಫೋಟೋ ಸಹ ತೆಗೆಸಿರಲಿಲ್ಲ. ಗೊತ್ತಿರುವುದು ಅಕ್ಕನಿಗೆ ಮಾತ್ರ."

"ಅಕ್ಕನನ್ನೇ ಕೇಳಿ ಮತ್ತೆ."

"ಅವಳು ತೋರಿಸುವುದಿಲ್ಲ."

ಅಷ್ಟು ಹೇಳಿ ಸ್ಕೂಟರನ್ನು ಒದೆಯತೊಡಗಿದರು. ನೆನಪಿನ ಮೇಲೆ ಸಿನಿಮಾ ಮಾಡುತ್ತಾರೆ ಎಂದು ಪತ್ರಿಕೆಗಳು ಬರೆಯುತ್ತಿದ್ದ ಮನುಷ್ಯ ಆತ. ತನ್ನ ಕೈಯಲ್ಲಿ ಏನೂ ಇಲ್ಲದ್ದರಿಂದ ಊರವರ ಮನೆಬಾಗಿಲಲ್ಲಿ ನಿಲ್ಲುತ್ತಿದ್ದಾರೆ ಎಂದು ಅಂದು ನನಗೆ ಅರ್ಥವಾಯಿತು.

ಅಕ್ಕನನ್ನು ನೋಡಲು ಒಮ್ಮೆ ನಾನೂ ಅವರ ಜತೆ ಕಾರ್ಕಳಕ್ಕೆ ಹೋದೆ. ತಮ್ಮನಿಗಿಂತ ಎಂಟು ವರ್ಷ ದೊಡ್ಡವರು, ಶಾಲೆಯಲ್ಲಿ ಟೀಚರಾಗಿ ನಿವೃತ್ತರಾದವರು, ಮದುವೆ ಆಗಿರಲಿಲ್ಲ. ತಮ್ಮನನ್ನು ಸಾಕಿದ್ದು, ಓದಿಸಿದ್ದು ಅವರೇ. ತಮ್ಮ ಏನು ಕೆಲಸ ಮಾಡುತ್ತಾನೆ ಎಂಬುದು ಅವರಿಗೆ ತಿಳಿದಿರಲಿಲ್ಲ, ತಿಳಿಯುವ ಆಸೆಯೂ ಇದ್ದಂತಿರಲಿಲ್ಲ. ಪ್ರದರ್ಶನಗಳಿಗೆ ಕರೆ ಹೋಗುತ್ತಿತ್ತು, ಒಂದಕ್ಕೂ ಬಂದಿರಲಿಲ್ಲ. ನಮಗೆ ನೀರುದೋಸೆ ಹಾಕಿ, ತಮ್ಮ ತಿನ್ನುವುದನ್ನೇ ನೋಡುತ್ತ ನಿಂತರು. ಇವರು ಮೂರನೆಯ ದೋಸೆಯ ಹೊತ್ತಿಗೆ ಮೆಲ್ಲನೆ ಹೇಳಿದರು.

"ಒಮ್ಮೆ ಕಾಪುವಿಗೆ ಹೋಗಿ ಬರುವನಾ ಅಕ್ಕ? ಮನೆ ಹೇಗೆ ಉಂಟು ಅಂತ ತೋರಿಸಿದರೆ ಸಾಕು."

"ಹೆದ್ದಾರಿಯಲ್ಲಿ ಎಂತ ತೋರಿಸುವುದು? ಲಾರಿ ಬಂದು ಇಬ್ಬರನ್ನೂ ಒಟ್ಟಿಗೆ ತೆಗೆದೀತು. ಇನ್ನೊಂದು ದೋಸೆ ಹಾಕ್ಲಾ?"

"ಬಾಯಲ್ಲಿ ಹೇಳಿದರೂ ಆದೀತು."

"ನನಗೆ ನೆನಪಿಲ್ಲ" ಎಂದು ಅಕ್ಕ ಒಲೆಯ ಕಡೆ ತಿರುಗಿದರು. ಹೊರಡುವಾಗ ಹಲಸಿನ ಹಪ್ಪಳದ ಕಟ್ಟು ಕೊಟ್ಟರು. ಪ್ರತಿ ಸಲವೂ ಹೀಗೇ, ಬೇಡಿದ್ದು ಮನೆ, ಸಿಕ್ಕಿದ್ದು ಹಪ್ಪಳ ಎಂದು ಅವರು ದಾರಿಯಲ್ಲಿ ನಕ್ಕರು. ಅಕ್ಕನ ಮೇಲೆ ಅವರಿಗೆ ಸಿಟ್ಟು ಬಂದದ್ದನ್ನು ನಾನು ನೋಡಲೇ ಇಲ್ಲ. ಸಿಟ್ಟು ಬಂದದ್ದು ನನಗೆ. ಅಷ್ಟು ಕೇಳುವವನಿಗೆ ಒಂದು ಮಾತು ಹೇಳಿದರೆ ಇವರ ಗಂಟೇನು ಹೋಗುತ್ತದೆ ಎಂದು ಅಲೆವೂರು ತಲುಪುವವರೆಗೂ ಗೊಣಗಿದೆ.

ಅದರ ಮರುವರ್ಷ ಮಣಿಪಾಲದಲ್ಲಿ ಏಳುತ್ತಿದ್ದ ಒಂದು ಅಪಾರ್ಟ್‌ಮೆಂಟಿನಲ್ಲಿ ಅವರಿಗೆ ಉತ್ತರ ಕರ್ನಾಟಕದ ಕೂಲಿ ಹೆಂಗಸೊಬ್ಬಳ ಪರಿಚಯವಾಯಿತು. ಅವಳ ಊರು ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿತ್ತು. ಮನೆಯ ಜಾಗಕ್ಕೆ ಹೋಗೋಣ ಎಂದರೆ ಅವಳು, "ಮುಳುಗಿ ಹೋಗ್ಬೇಕಾಗ್ತೈತ್ರಿ ಸರ" ಎಂದು ನಕ್ಕಳು. ಆಮೇಲೆ ತಾನೇ, "ಜಾಗಾ ಯಾಕ ಬೇಕ್ರಿ, ಇಲ್ಲೇ ತೋರಸ್ತೀನಿ ಬರ್ರಿ" ಎಂದು ನಮ್ಮನ್ನು ಮೇಲಿನ ಮಹಡಿಗೆ ಕರೆದುಕೊಂಡು ಹೋದಳು. ಗೋಡೆ ಇನ್ನೂ ಎದ್ದಿರಲಿಲ್ಲ. ಬರೀ ಸಿಮೆಂಟಿನ ನೆಲ, ನಾಲ್ಕು ಕಂಬ, ಗಾಳಿ. ಅವಳು ಒಂದು ಕಡೆ ನಿಂತು ಕೈ ಅಡ್ಡ ಹಿಡಿದಳು. "ಬಗ್ಗಿ ಬರ್ರಿ ಸರ, ಬಾಗಲಾ ಸಣ್ಣದೈತಿ, ತಲಿ ಬಡೀತೈತಿ." ಅವರು ಬಗ್ಗಿ ಹೋದರು. ಇಲ್ಲಿ ಎಮ್ಮಿ ಕಟ್ಟತೀವ್ರಿ, ಇಲ್ಲಿ ಜ್ವಾಳದ ಚೀಲ ಐತ್ರಿ ಎಂದು ತೋರಿಸುತ್ತ ಹೋಗಿ, ಒಲೆಯ ಹತ್ತಿರ ಬಂದವಳು ಕುಕ್ಕರುಗಾಲಲ್ಲಿ ಕೂತು, "ಕುಂದರ್ರಿ, ಚಾ ಇಡತೀನಿ" ಎಂದಳು. ಮರುಗಳಿಗೆಯಲ್ಲಿ ಎಚ್ಚರವಾಗಿ ಸೆರಗಿನಿಂದ ಮುಖ ಮುಚ್ಚಿಕೊಂಡು ನಗತೊಡಗಿದಳು. ನಗುತ್ತಿದ್ದಳೋ ಅಳುತ್ತಿದ್ದಳೋ ಚಿತ್ರವನ್ನು ಎಷ್ಟು ಸಲ ನೋಡಿದರೂ ನನಗೆ ನಿರ್ಧರಿಸಲಾಗಲಿಲ್ಲ. ಅವರು ಮಾಡಿದ್ದರಲ್ಲೆಲ್ಲ ನನಗೆ ಅತ್ಯಂತ ಇಷ್ಟವಾದ ಚಿತ್ರ ಇದು.

ಆ ಹೊತ್ತಿಗೆ ಅವರ ಎದೆ ಕೈಕೊಡಲು ಶುರುವಾಗಿತ್ತು. ನಾಲ್ಕು ಮೆಟ್ಟಿಲು ಹತ್ತಿದರೆ ನಿಲ್ಲುತ್ತಿದ್ದರು. ಆಸ್ಪತ್ರೆಗೆ ಹೋಗುವುದು, ಬರುವುದು, ಮಾತ್ರೆ ಬದಲಿಸುವುದು. "ಕಲೆಗಿಲೆ ಸಾಕು ಟೀಚರ್, ಕ್ಯಾಮೆರಾ ಹೊರಲಿಕ್ಕೆ ಆಗುದಿಲ್ಲ" ಎನ್ನುತ್ತಿದ್ದರು. ಆದರೂ ಕೊನೆಯದಾಗಿ ಒಂದು ಪ್ರದರ್ಶನ ಮಾಡಿ ಮುಗಿಸೋಣ ಎಂದು ಕಡಿಯಾಳಿಯ ಒಂದು ಹಳೆಯ ಸಭಾಂಗಣವನ್ನು ಗೊತ್ತುಮಾಡಿದೆವು. ಅಲ್ಲಿಯವರೆಗೂ ಅವರ ಕರೆಯೋಲೆಗಳು ಇಂಗ್ಲಿಷಿನಲ್ಲಿರುತ್ತಿದ್ದವು. ಈ ಸಲ ಕನ್ನಡದಲ್ಲೇ ಆಗಬೇಕು ಎಂದು ನಾನು ಹಟ ಹಿಡಿದೆ. ಹೀಗೆ ಕೋಣೆಯಲ್ಲಿ ಪರದೆ ಕಟ್ಟಿ ತೋರಿಸುವ ಇನ್‌ಸ್ಟಲೇಶನ್ ಎಂಬುದಕ್ಕೆ ನಮ್ಮ ವಿಮರ್ಶಕರು ಬಳಸುವ ಗಂಭೀರ ಪದ ಪ್ರತಿಷ್ಠಾಪನಾ ಕಲೆ. ಹಾಗೆಂದೇ ಬರೆದು ಪ್ರೆಸ್ಸಿಗೆ ಕೊಟ್ಟೆ.

ಪ್ರೆಸ್ಸಿನವರು ವರ್ಷವಿಡೀ ದೇವಸ್ಥಾನ, ದೈವಸ್ಥಾನಗಳ ಪತ್ರಿಕೆ ಅಚ್ಚು ಹಾಕುವವರು. 'ಕಲೆ' ಎಂಬುದು ಕೈತಪ್ಪಿ ಬಂದದ್ದು ಎಂದುಕೊಂಡು ತೆಗೆದುಹಾಕಿದರು. ಮೇಲೆ ಒಂದು ಕಲಶದ ಚಿತ್ರ ಇಟ್ಟರು. ಕೆಳಗೆ 'ತಾವು ಸಕುಟುಂಬ ಸಪರಿವಾರ ಸಮೇತರಾಗಿ ಆಗಮಿಸಿ' ಎಂದು ತಾವಾಗಿಯೇ ಸೇರಿಸಿದರು. ನಾವು ನೋಡುವ ಮೊದಲೇ ಅರ್ಧಕ್ಕರ್ಧ ಅಂಚೆಗೆ ಹೋಗಿತ್ತು. ನನ್ನ ತಲೆ ಸಿಡಿಯಿತು. ಅವರು ಮಾತ್ರ ಕುರ್ಚಿಯಲ್ಲಿ ಕೂತು, ಎದೆ ಹಿಡಿದುಕೊಂಡು, ನಕ್ಕು ನಕ್ಕು ಸುಸ್ತಾದರು. "ಇರಲಿ ಬಿಡಿ ಮಾರಾಯ್ರೆ. ಇಷ್ಟು ವರ್ಷ ಯಾರೂ ಬರ್ಲಿಲ್ಲ, ಈಗಲಾದರೂ ಬರಲಿ" ಎಂದರು.

ಬಂದರು. ಅವರ ಆಯುಷ್ಯದಲ್ಲೇ ಅಷ್ಟು ಜನ ಸೇರಿದ್ದಿಲ್ಲ. ಬೆಳಿಗ್ಗೆಯೇ ಒಂದು ಗುಂಪು ಹಣ್ಣುಕಾಯಿ ಸಮೇತ ಬಂದು, ಯಾವ ದೇವರ ಪ್ರತಿಷ್ಠಾಪನೆ ಎಂದು ಕೇಳಿತು. ಕೆಲವರು ಊಟದ ವ್ಯವಸ್ಥೆ ಹಿಂದುಗಡೆಯಾ ಎಂದು ನೇರವಾಗಿಯೇ ವಿಚಾರಿಸಿದರು. ನಾಲ್ಕು ಪರದೆಗಳ ನಡುವೆ ಮಡಿಬಟ್ಟೆಯಲ್ಲಿ ತಿರುಗಾಡಿ, ಕತ್ತಲಲ್ಲಿ ಒಬ್ಬರಿಗೊಬ್ಬರು ಡಿಕ್ಕಿ ಹೊಡೆದು, ಊಟದ ಹೊತ್ತಿಗೆ ಎಲ್ಲರೂ ಕರಗಿದರು. ನಾವಿಬ್ಬರೇ ಉಳಿದ ಆ ಹೊತ್ತಿನಲ್ಲಿ ಅವರ ಅಕ್ಕ ಬಾಗಿಲಲ್ಲಿ ಕಾಣಿಸಿಕೊಂಡರು.

ರೇಷ್ಮೆ ಸೀರೆ ಉಟ್ಟಿದ್ದರು. ಕೈಚೀಲದಲ್ಲಿ ತೆಂಗಿನಕಾಯಿ, ಬಾಳೆಲೆಯಲ್ಲಿ ಸುತ್ತಿದ ಮಲ್ಲಿಗೆ. ಕಾರ್ಕಳದಿಂದ ಬಸ್ಸಿನಲ್ಲಿ ನಿಂತು ಬಂದಿದ್ದರಂತೆ. ತಮ್ಮ ಕೊನೆಗೂ ಒಂದು ನೆಟ್ಟಗಿನ ಕೆಲಸ ಮಾಡುತ್ತಿದ್ದಾನೆ ಎಂದು ನಂಬಿದ್ದರು.

"ಗರ್ಭಗುಡಿ ಎಲ್ಲಿ?" ಎಂದು ನನ್ನನ್ನು ಕೇಳಿದರು.

"ದೇವರು ಇಲ್ಲ ಅಕ್ಕ. ಸಿನಿಮಾ."

"ಸಿನಿಮಾಕ್ಕೆ ಪ್ರತಿಷ್ಠೆ ಎಂತ ಮಾಡ್ತಾರೆ?" ಎಂದವರು, ಸಿಟ್ಟು ಮಾಡಲೂ ತ್ರಾಣವಿಲ್ಲದೆ ಹತ್ತಿರದ ಕುರ್ಚಿಯಲ್ಲಿ ಕುಳಿತರು. ಎದುರಿಗಿದ್ದದ್ದು ಮಣಿಪಾಲದ ಆ ಕೂಲಿ ಹೆಂಗಸಿನ ಚಿತ್ರದ ಪರದೆ. ಚಿತ್ರ ಮುಗಿದ ಹಾಗೆ ಮತ್ತೆ ಮೊದಲಿಂದ ಶುರುವಾಗುತ್ತಿತ್ತು. ಬಗ್ಗಿ ಬರ್ರಿ ಸರ. ಅಕ್ಕ ಅದನ್ನು ಮತ್ತೆ ಮತ್ತೆ ನೋಡಿದರು. ಹಿಂದೆ ತಮ್ಮ ನಿಂತಿದ್ದರು, ಮುಂದೆ ಬರಲು ಅವರಿಗೆ ಧೈರ್ಯ ಇರಲಿಲ್ಲ.

ಆಮೇಲೆ ನಡೆದದ್ದೆಲ್ಲ ತುಳುವಿನಲ್ಲಿ. ನಾನು ಕನ್ನಡದಲ್ಲಿ ಬರೆಯುತ್ತಿದ್ದೇನೆ.

"ಇವಳ ಮನೆ ನೀರಿನ ಅಡಿಯಲ್ಲಿ ಉಂಟಾ?" ಅಕ್ಕ ಪರದೆಯಿಂದ ಕಣ್ಣು ತೆಗೆಯದೆ ಕೇಳಿದರು.

"ಹೌದು."

"ಆದರೂ ತೋರಿಸಿದಳು."

ಎದ್ದು ನಿಂತು ಕೈಚೀಲವನ್ನು ನನ್ನ ಕೈಗೆ ಕೊಟ್ಟರು. ಚಪ್ಪಲಿ ಕಳಚಿ ಪಕ್ಕಕ್ಕೆ ಸರಿಸಿದರು. ಪರದೆಗಳಾಚೆಯ ಖಾಲಿ ನೆಲದ ನಡುವೆ ಹೋಗಿ ನಿಂತು, ಅತ್ತಿತ್ತ ನೋಡಿ, ತಮ್ಮನಿಗೆ ಬಾ ಎಂದರು. ಅವರು ಹೋದರು. ಬಂದವರನ್ನು ಚಿತ್ರಿಸಲೆಂದು ತಂದಿದ್ದ ಕ್ಯಾಮೆರಾ ಅಲ್ಲೇ ಸ್ಟ್ಯಾಂಡಿನ ಮೇಲಿತ್ತು. ಅವರ ಕಣ್ಣು ಅದರ ಕಡೆ ಹೊರಳಲಿಲ್ಲ, ನನಗೂ ಅದನ್ನು ಮುಟ್ಟುವ ಮನಸ್ಸಾಗಲಿಲ್ಲ.

"ಇದು ಜಗಲಿ. ಅಪ್ಪನ ಕುರ್ಚಿ ಉಂಟು, ತಾಗಬೇಡ. ಇದು ಚಾವಡಿ. ನಾವಿಬ್ಬರೂ ಮಲಗುವುದು ಇಲ್ಲೇ. ಹಾಗೆ ಹೋಗಬೇಡ, ಅಲ್ಲಿ ಗೋಡೆ ಉಂಟು. ಸುತ್ತಿ ಬಾ."

ಅವರು ಸುತ್ತಿ ಬಂದರು. ಅರುವತ್ತು ದಾಟಿದ ಮನುಷ್ಯ, ಬಾಯಿ ಸ್ವಲ್ಪ ತೆರೆದು, ಅಕ್ಕನ ಸೆರಗಿನ ಹಿಂದೆ ಹೆಜ್ಜೆಗೆ ಹೆಜ್ಜೆ ಇಟ್ಟುಕೊಂಡು. ಅಡಿಗೆ ಕೋಣೆ ಆಯಿತು, ಬಾವಿಯ ಕಡೆಯ ಕಿಟಕಿ ಆಯಿತು. ಬಾವಿಯ ಹಗ್ಗ ಸದ್ದು ಮಾಡುತ್ತದೆ, ರಾತ್ರಿ ನೀನು ಹೆದರುವುದು ಅದಕ್ಕೇ ಎಂದು ಹೇಳಿದರು. ಅಲ್ಲಿಂದ ನಾಲ್ಕು ಹೆಜ್ಜೆ ನಡೆದು, ಅಕ್ಕ ತಟ್ಟನೆ ತಿರುಗಿ, ಎರಡೂ ಕೈಗಳನ್ನು ಅಗಲಿಸಿ ದಾರಿಗೆ ಅಡ್ಡ ನಿಂತರು. ಬಹಳ ಹೊತ್ತು ಹಾಗೇ ನಿಂತರು.

"ಇದು ಯಾವ ಕೋಣೆ ಅಕ್ಕ?"

"ಅಮ್ಮ ಮಲಗಿರುವುದು. ಅಮ್ಮನಿಗೆ ಕ್ಷಯ. ಮಗುವನ್ನು ಹತ್ತಿರ ಬಿಡಬಾರದು ಅಂತ ಡಾಕ್ಟ್ರು ನನಗೇ ಹೇಳಿದ್ದು. ನೀನು ದಿನಾ ಬರ್ತಿದ್ದೆ. ನಾನು ಹೀಗೆ ನಿಲ್ತಿದ್ದೆ. ನೀನು ನನ್ನ ಕೈ ಕಚ್ಚಿದ್ದೂ ಉಂಟು. ಅಮ್ಮ ಒಳಗಿಂದ, ಒಮ್ಮೆ ಬಿಡು ಮಗಾ, ಬಾಗಿಲಲ್ಲಿ ನಿಂತರೆ ಸಾಕು, ಮುಖ ನೋಡ್ತೇನೆ ಅಂತ ಹೇಳ್ತಿದ್ದರು. ನಾನು ಬಿಡ್ಲಿಲ್ಲ. ನಿನ್ನನ್ನು ಎತ್ತಿಕೊಂಡು ಮಾರ್ಗಕ್ಕೆ ಹೋಗಿ ಬಸ್ಸು ತೋರಿಸ್ತಿದ್ದೆ. ಕೊನೆಯ ದಿನವೂ ಬಿಡ್ಲಿಲ್ಲ. ನೀನೂ ಹೋದರೆ ನಾನೊಬ್ಬಳೇ ಅಂತ ಹೆದರಿಕೆ."

"ನನಗೆ ನೆನಪಿಲ್ಲ ಅಕ್ಕ."

"ನನಗುಂಟು."

ನಾನು ಮಲ್ಲಿಗೆ, ತೆಂಗಿನಕಾಯಿ ಹಿಡಿದುಕೊಂಡು ನಿಂತಿದ್ದೆ. ಈ ಹೆಂಗಸಿನ ಮೇಲೆ ಅಷ್ಟೆಲ್ಲ ಗೊಣಗಿದ್ದ ನನಗೆ ಓಡಿಹೋಗಿ ಆ ಕೈಗಳನ್ನು ಹಿಡಿದುಕೊಳ್ಳಬೇಕು ಅನ್ನಿಸಿತು. ಆದರೆ ಅದು ಅವರ ಮನೆ, ನನ್ನನ್ನು ಯಾರೂ ಒಳಗೆ ಕರೆದಿರಲಿಲ್ಲ.

ಅಕ್ಕ ಕೈಗಳನ್ನು ಇಳಿಸಿದರು. ಸೀರೆಯ ನೆರಿಗೆ ಸರಿಸಿಕೊಂಡು ಒಂದು ಬದಿಗೆ ಸರಿದು ನಿಂತರು.

"ಉಳಾಯಿ ಪೋಲ" ಎಂದರು. ಒಳಗೆ ಹೋಗು.

ಅವರು ತಲೆ ಬಗ್ಗಿಸಿ ಹೋದರು. ಎರಡು ಹೆಜ್ಜೆ ಇಟ್ಟು, ಮಂಚದ ಬದಿಯಲ್ಲಿ ಕೂತ ಹಾಗೆ ಬರಿಯ ನೆಲದ ಮೇಲೆ ಕುಳಿತರು. ಅಕ್ಕ ಒಳಗೆ ಕಾಲಿಡಲಿಲ್ಲ. ಹೊರಗೆ ನಿಂತು, ತಮ್ಮನ ಬೆನ್ನನ್ನು ನೋಡುತ್ತ ಹೇಳಿದರು: "ಎಷ್ಟು ಹೊತ್ತು ಬೇಕಾದರೂ ಕೂತ್ಕೋ ಮಗಾ. ನಾನು ಕರೆಯುವುದಿಲ್ಲ."